ಬ್ರಿಗೇಡಿಯರ್ ಹೊಡೆದುಹಾಕಿಸಿದ ನಾಲ್ಕು ಸಾಲು

ಶೇಷಗಿರಿಯವರನ್ನು ಕಾರಿನಲ್ಲಿ ಕೂರಿಸಿಕೊಂಡು ಹೋಗುವುದೆಂದರೆ ಪಕ್ಕದಲ್ಲಿ ಮಗ್ಗ ಇಟ್ಟುಕೊಂಡು ಹೋದ ಹಾಗೆ. ಕೈ ನಿಲ್ಲುವುದಿಲ್ಲ. ರೇಡಿಯೋದವನು ನಾಳೆ ಹನ್ನೆರಡು ಡಿಗ್ರಿಗೆ ಇಳಿಯುತ್ತೆ ಅಂದರೆ ಸಾಕು, ಬಲಗೈ ತೋರುಬೆರಳು ತೊಡೆಯ ಮೇಲೆ ಸರಸರ ಹರಿದಾಡುತ್ತದೆ. ಬೆಂಗಳೂರಿನ ಒಂದು ಸರ್ಕಾರಿ ಇಲಾಖೆಯಲ್ಲಿ ಮೂವತ್ತನಾಲ್ಕು ವರ್ಷ ದೊಡ್ಡ ದೊಡ್ಡ ಎಂಜಿನಿಯರುಗಳ ಹತ್ತಿರ ಸ್ಟೆನೋ ಆಗಿದ್ದವರು. ಕಿವಿಗೆ ಬಿದ್ದದ್ದೆಲ್ಲ ಬೆರಳಿಗಿಳಿಯಲೇಬೇಕು. ಈಗ ಎಪ್ಪತ್ತಾರು ವಯಸ್ಸು. ಡೆಟ್ರಾಯಿಟಿನ ಪಕ್ಕದ ಲಿವೋನಿಯಾದಲ್ಲಿ ಮಗಳು ಚೈತ್ರಳ ಮನೆಯಲ್ಲಿ, ಹೆಂಡತಿ ಅನಸೂಯಮ್ಮನವರ ಜೊತೆ ಇದ್ದಾರೆ.

ನಾನು ಮಂಡ್ಯದ ಕಡೆಯವನು, ಸ್ಟರ್ಲಿಂಗ್ ಹೈಟ್ಸಿನಲ್ಲಿ ಲೇತ್ ಮೆಷೀನು ತಿರುಗಿಸಿ ರಿಟೈರ್ ಆದವನು. ಮಂಗಳವಾರ ಮಂಗಳವಾರ ಹಳೇ ವಿಮಾನಗಳ ಒಂದು ಚಿಕ್ಕ ಮ್ಯೂಸಿಯಮ್ಮಿಗೆ ಹೋಗಿ ಅಂಗಡಿಯಲ್ಲಿ ಸಿಕ್ಕದ ಬೋಲ್ಟು ನಟ್ಟು ಕಡೆದುಕೊಡುತ್ತೇನೆ. ಹೋದ ವರ್ಷ ಅಕ್ಟೋಬರಿನಲ್ಲಿ, ಅಲ್ಲಿನ ಕಾಗದಪತ್ರ ನೋಡಿಕೊಳ್ಳುವ ಕ್ಯಾರೊಲ್ ಎಂಬಾಕೆ ಹನ್ನೊಂದು ಉದ್ದನೆಯ ನೋಟ್‌ಪುಸ್ತಕ ಹರಡಿಕೊಂಡು ತಲೆ ಕೆರೆಯುತ್ತ ಕೂತಿದ್ದಳು. ಒಳಗೆಲ್ಲ ಕೋಳಿ ಕೆದರಿದಂಥ ಪೆನ್ಸಿಲ್ ಗೀರು.

ಅವು ಮೊದಲನೇ ಮಹಾಯುದ್ಧದ ಕಾಲದವು. ಆಗ ಬ್ರಿಟಿಷರ ವಿಮಾನದಳ ಇಲ್ಲಿ ನದಿಯಾಚೆ ಕೆನಡಾದಲ್ಲಿ ಶಿಬಿರ ಹೂಡಿ ಹುಡುಗರಿಗೆ ಹಾರುವುದನ್ನು ಕಲಿಸುತ್ತಿತ್ತು. ತಮ್ಮ ದೇಶ ಯುದ್ಧಕ್ಕೆ ಇಳಿಯುವ ತನಕ ಕಾಯಲಾರದ ಡೆಟ್ರಾಯಿಟಿನ ಪಡ್ಡೆಗಳೂ ನದಿ ದಾಟಿ ಹೋಗಿ ಸೇರುತ್ತಿದ್ದರು. ಅಲ್ಲೊಂದು ಶಿಬಿರ ಆಳಿದ ಬ್ರಿಗೇಡಿಯರನ ಸ್ಟೆನೋ ಬರೆದುಕೊಂಡ ಪುಸ್ತಕಗಳಿವು. ಯುದ್ಧ ಮುಗಿದ ಮೇಲೆ ಆ ಸ್ಟೆನೋ ಡೆಟ್ರಾಯಿಟಿಗೆ ಬಂದು ನೆಲೆಸಿದ್ದನಂತೆ. ಅವನ ಮೊಮ್ಮಕ್ಕಳು ಮನೆ ಮಾರುವಾಗ ಅಟ್ಟದಲ್ಲಿ ಸಿಕ್ಕಿದವು. ಈ ದೇಶದವರು ಕಲಿಯುತ್ತಿದ್ದ ಶಾರ್ಟ್‌ಹ್ಯಾಂಡೇ ಬೇರೆ, ಇದು ಬ್ರಿಟಿಷರ ಪಿಟ್‌ಮನ್ ಅಂತ ಕ್ಯಾರೊಲ್ ಹೇಳಿದಳು. ಓದಬಲ್ಲವರಿಗೆ ಆರು ತಿಂಗಳಿಂದ ಹುಡುಕುತ್ತಿದ್ದಳು.

ನಾನಂದೆ, "ನನಗೊಬ್ಬರು ಗೊತ್ತು. ಅವರು ಇಂಡಿಯನ್ ಸ್ಟೋರಿಗೆ ಕೊತ್ತಂಬರಿ ಸೊಪ್ಪು ತರೋ ಚೀಟೀನೂ ಹಿಂಗೇ ಬರೀತಾರೆ."

ಮುಂದಿನ ಮಂಗಳವಾರ ಶೇಷಗಿರಿಯವರು ಇಸ್ತ್ರಿ ಷರಟು ಹಾಕಿಕೊಂಡು, ನಾಲ್ಕು ಪೆನ್ಸಿಲ್ ಕೆತ್ತಿಟ್ಟುಕೊಂಡು ಬಂದರು. ಕನ್ನಡಕ ಏರಿಸಿ ಮೊದಲ ಹಾಳೆ ನೋಡಿದರು. ಬಾವಿಗಿಳಿದವರ ಹಾಗೆ ಅರ್ಧ ಗಂಟೆ ಅದರೊಳಗೇ ಇದ್ದರು. ಆಮೇಲೆ ತಲೆಯೆತ್ತಿ, "ಈ ಬ್ರಿಗೇಡಿಯರ್ ಓಡಾಡಿಕೊಂಡು ಹೇಳ್ತಿದ್ದ ಕಣ್ರೀ ವೆಂಕಟರಾಮು" ಅಂದರು.

"ನೀವು ನೋಡೋಕೋಗಿದ್ರಾ?"

"ನೋಡಿ ಇಲ್ಲಿ. ಕಿಟಕಿ ಕಡೆ ನಡೆದಾಗ ಸ್ಟೆನೋಗೆ ಕೇಳಿಲ್ಲ, ಪದ ಬಿಟ್ಟುಹೋಗಿವೆ. ವಾಪಸ್ ಬಂದಾಗ ಗೀರು ಒತ್ತೊತ್ತಾಗಿದೆ. ನಮ್ಮ ಎರಡನೇ ಸಾಹೇಬರೂ ಹೀಗೇ. ಅವರ ಹಿಂದೆ ನಾನೂ ಪುಸ್ತಕ ಹಿಡ್ಕೊಂಡು ರೂಮ್ ತುಂಬ ಸುತ್ತುತಿದ್ದೆ."

ಮನುಷ್ಯ ಮಾತಾಡುವ ಕೊಠಡಿಯನ್ನೇ ಅವರು ಆ ಗೀರಿನಲ್ಲಿ ಕಾಣುತ್ತಿದ್ದರು. ಬ್ರಿಗೇಡಿಯರ್ ಕುದುರೆ ದಂಡಿನಿಂದ ಬಂದವನು. ತಾನು ವಿಮಾನ ಹತ್ತಿದ್ದು ಎರಡೇ ಸಲ, ಎರಡು ಸಲವೂ ವಾಂತಿಯಾಯಿತು ಅಂತ ಗೆಳೆಯನಿಗೆ ಬರೆಸಿದ್ದ. ಅವನ ಕೈಕೆಳಗಿನ ಕರ್ನಲ್ ಫಿರಂಗಿ ದಂಡಿನವನು, ತೊಟ್ಟಿಕ್ಕುವ ನಲ್ಲಿಯ ಹಾಗೆ ನಿಧಾನ. ಅಧಿಕಾರಿಗಳು ಬೂಟಿನ ಹಿಮ್ಮಡಿಗೆ ಕುದುರೆ ತಿವಿಯುವ ಮುಳ್ಳು ಕಟ್ಟಿಕೊಂಡೇ ವಿಮಾನ ಹತ್ತಿ ರೆಕ್ಕೆಯ ಬಟ್ಟೆ ಹರಿಯುತ್ತಿದ್ದಾರೆ, ದಯವಿಟ್ಟು ಬಿಚ್ಚಿ ಹತ್ತಿ ಅಂತ ಬ್ರಿಗೇಡಿಯರ್ ಬರೆಸಿದ ಸುತ್ತೋಲೆ ಓದಿ ನಾವು ಹೊಟ್ಟೆ ಹಿಡಿದುಕೊಂಡು ನಕ್ಕೆವು. ಚಳಿಗಾಲ ಪೂರ್ತಿ ಹೀಗೇ ಹೋಯಿತು. ಶೇಷಗಿರಿಯವರು ಓದುವರು, ಟೈಪ್ ಮಾಡುವರು, ಹಾಳೆ ಜೋಡಿಸಿ ಕ್ಯಾರೊಲ್ ಕೈಗೆ ಕೊಡುವರು. ಒಂದು ಅಕ್ಷರ ತಪ್ಪಿಲ್ಲ, ಒಂದು ಚಿತ್ತಿಲ್ಲ.

ಮಾರ್ಚ್ ತಿಂಗಳಲ್ಲಿ ಒಬ್ಬ ಮುದುಕಿ ಊರುಗೋಲು ಹಿಡಿದು ಮ್ಯೂಸಿಯಮ್ಮಿಗೆ ಬಂದಳು. ಹೆಲೆನ್ ಪೆಂಡಲ್ ಅಂತ ಹೆಸರು. ನನ್ನ ಬಾಯಲ್ಲಿ ಹೆಲೆನಮ್ಮ. ಎಂಬತ್ತೆಂಟು ವರ್ಷ. ಆಕೆಯ ದೊಡ್ಡಪ್ಪ ವಾಲ್ಟರ್ ಹತ್ತೊಂಬತ್ತನೇ ವಯಸ್ಸಿನಲ್ಲಿ ಆ ಶಿಬಿರದಲ್ಲಿ ಹಾರಾಟ ಕಲಿಯುವಾಗ ಬಿದ್ದು ಸತ್ತವನು. ಅವನ ತಮ್ಮನೇ ಈಕೆಯ ಅಪ್ಪ. ಆಗ ಹನ್ನೆರಡು ವರ್ಷದ ಹುಡುಗ.

ಆಕೆ ಕುರ್ಚಿಯಲ್ಲಿ ಕೂತು ಹೇಳಿದಳು: "ನಮ್ಮಪ್ಪ ಅಣ್ಣನಿಗೆ ಒಂದು ಕಾಗದ ಬರೆದಿದ್ದನಂತೆ. ನೀನು ವಿಮಾನ ಹಾರಿಸ್ತೀಯ ಅಂದ್ರೆ ನನ್ನ ಸ್ನೇಹಿತರು ನಂಬ್ತಿಲ್ಲ, ಆಕಾಶದಲ್ಲಿ ಒಂದು ಲಾಗ ಹಾಕಿ ಅದರ ಬಗ್ಗೆ ಬರಿ ಅಂತ. ವಾರ ಕಳೀತು, ಬ್ರಿಗೇಡಿಯರ್ ಕಾಗದ ಬಂತು. ಅಪ್ಪಣೆ ಮೀರಿ ತೀರ ಕೆಳಗೆ ಕಸರತ್ತು ಮಾಡಲು ಹೋಗಿ ಬಿದ್ದ ಅಂತ. ನಮ್ಮಪ್ಪ ತೊಂಬತ್ತೊಂದು ವರ್ಷ ಬದುಕಿದ. ಅಣ್ಣನ್ನ ಕೊಂದವನು ನಾನು ಅಂದುಕೊಂಡೇ ಸತ್ತ. ನಿಮ್ಮ ಪುಸ್ತಕದಲ್ಲಿ ಅದಕ್ಕಿಂತ ಹೆಚ್ಚಿಗೆ ಏನಾದರೂ ಇದೆಯಾ? ನನಗೆ ಅಷ್ಟೇ ಬೇಕು."

ಕ್ಯಾರೊಲ್ ಶೇಷಗಿರಿಯವರು ಟೈಪ್ ಮಾಡಿದ ಹಾಳೆ ತೆಗೆದಳು. ಹೆಲೆನಮ್ಮ ಮನೆಯಿಂದ ತಂದಿದ್ದ ಕಾಗದದ ಪಕ್ಕ ಇಟ್ಟು ಸಾಲುಸಾಲಾಗಿ ನೋಡಿದಳು. "ಅಕ್ಷರ ಅಕ್ಷರ ಒಂದೇ. ಕ್ಷಮಿಸಿ, ಹೆಲೆನ್" ಅಂದಳು.

ಶೇಷಗಿರಿಯವರು ಮೂಲೆ ಮೇಜಿನಲ್ಲಿ ಟೀ ಲೋಟ ಹಿಡಿದು ಕೂತಿದ್ದರು. ಬೆರಳು ಮೊದಲ ಬಾರಿಗೆ ನಿಂತಿತ್ತು.

ವಾಪಸ್ ಬರುವಾಗ ಹೆದ್ದಾರಿಯಲ್ಲಿ ಎರಡು ಎಕ್ಸಿಟ್ ದಾಟಿರಲಿಲ್ಲ, "ಎಲ್ಲಾದರೂ ನಿಲ್ಲಿಸಿ" ಅಂದರು. ಒಂದು ಗ್ಯಾಸ್ ಸ್ಟೇಷನ್ನಿನ ಪಕ್ಕ ನಿಲ್ಲಿಸಿದೆ. ಇಳಿದು, ಆ ಚಳಿಗಾಳಿಯಲ್ಲಿ ಕಾರು ಸುತ್ತ ಮೂರು ಸುತ್ತು ಹಾಕಿ ಬಂದು ಕೂತರು.

"ಆ ಕಾಗದಕ್ಕೆ ಮೊದಲು ಬ್ರಿಗೇಡಿಯರ್ ಇನ್ನೊಂದು ಹೇಳಿದಾನೆ ಕಣ್ರೀ. ನಾಲ್ಕು ಸಾಲು. ಆಮೇಲೆ ಬೇಡ, ಹೊಡೆದುಹಾಕು ಅಂದಿದಾನೆ. ಸ್ಟೆನೋ ಗೆರೆ ಎಳೆದಿದಾನೆ."

"ನೀವ್ಯಾಕೆ ಟೈಪ್ ಮಾಡ್ಲಿಲ್ಲ?"

ಅವರು ನನ್ನನ್ನು ಹುಚ್ಚನನ್ನು ನೋಡುವ ಹಾಗೆ ನೋಡಿದರು. "ಹೊಡೆದುಹಾಕಿದ್ದನ್ನ ಯಾವ ಸ್ಟೆನೋ ಟೈಪ್ ಮಾಡ್ತಾನ್ರೀ? ಹನ್ನೊಂದು ಪುಸ್ತಕದಲ್ಲೂ ಬಿಟ್ಟಿದೀನಿ. ಕೈಯೇ ಬಿಟ್ಟುಬಿಡುತ್ತೆ. ಸಾಹೇಬರು ಬೇಡ ಅಂದಮೇಲೆ ಅದು ಹೇಳಿದ್ದಲ್ಲ."

"ಸಾಹೇಬರು ಸತ್ತು ಮಣ್ಣಾಗಿ ಎಷ್ಟು ಕಾಲ ಆಯ್ತು ಸ್ವಾಮಿ."

"ನಾನು ಸತ್ತಿಲ್ಲವಲ್ಲ."

ಆ ಮಾತಿನ ಬೆನ್ನಿಗೆ ಏನಿದೆ ಅಂತ ನನಗೆ ಗೊತ್ತಿತ್ತು. ಎಂಬತ್ತರ ದಶಕದಲ್ಲಿ ಅವರ ಸಾಹೇಬರೊಬ್ಬರು ಒಂದು ನಾಲೆಯ ವಿಷಯ ಏನೋ ಹೇಳಿ, ಬೇಡವೆಂದು ಹೊಡೆದುಹಾಕಿಸಿದ್ದರು. ಅದು ಏನೆಂದು ತಿಳಿಯಲು ಇನ್ನೊಬ್ಬ ದೊಡ್ಡ ಮನುಷ್ಯ ಇವರ ಬೆನ್ನು ಹತ್ತಿದ. ಇವರು ಬಾಯಿ ಬಿಡಲಿಲ್ಲ. ರಾಯಚೂರಿಗೆ ಎತ್ತಿ ಒಗೆದರು, ಮೂರು ವರ್ಷ. ಚೈತ್ರ ಹುಟ್ಟಿದಾಗ ಅಪ್ಪನ ಮುಖ ನೋಡಿದ್ದು ನಲವತ್ತು ದಿನಕ್ಕೆ. ಇವತ್ತಿಗೂ ಕನ್ನಡ ಕೂಟದ ಊಟದಲ್ಲಿ ಯಾರಾದರೂ ನಾನು ಡೈರೆಕ್ಟರ್, ನಾನು ಸರ್ಜನ್ ಅಂತ ಶುರು ಮಾಡಿದರೆ, ಇವರು ಎಲೆ ಮುಂದೆ ನೆಟ್ಟಗೆ ಕೂತು, "ನಾನು ರಾಯಚೂರಿನಲ್ಲಿ ಮೂರು ವರ್ಷ ಇದ್ದೆ" ಅನ್ನುತ್ತಾರೆ. ಅವರ ಎದೆಯ ಮೇಲಿನ ಪದಕ ಅದೊಂದೇ. ಈಗ ಅದನ್ನೇ ಕಿತ್ತಿಡಬೇಕು, ಇಲ್ಲವೇ ಆ ಮುದುಕಿ ಅಪ್ಪನ ಕೊರಗು ಹೊತ್ತುಕೊಂಡೇ ಹೋಗುತ್ತಾಳೆ.

ಆರು ವಾರ ಮನುಷ್ಯನ ಕಾಲು ಒಂದು ಕಡೆ ನಿಲ್ಲಲಿಲ್ಲ ಅಂದರೆ ಸುಳ್ಳಲ್ಲ. ಬಡಾವಣೆಯ ಸುತ್ತ ದಿನಕ್ಕೆ ಐದು ಮೈಲಿ ನಡೆದರು. ಊಟಕ್ಕೆ ಕೂತು ಎರಡು ತುತ್ತಿಗೆ ಎದ್ದು ಹೋಗಿ ಬಾಗಿಲ ಚಿಲಕ ನೋಡಿಬರುವರು. ಮ್ಯೂಸಿಯಮ್ಮಿಗೆ ಕರೆದರೆ ಒಂದು ವಾರ ಮಂಡಿ ನೋವು, ಇನ್ನೊಂದು ವಾರ ಏಕಾದಶಿ. ನನಗೆ ಫೋನ್ ಮಾಡಿ, "ಆಯಮ್ಮ ಹೇಗಿದಾರಂತೆ?" ಅಂತ ಕೇಳಿ ಉತ್ತರ ಬರುವ ಮೊದಲೇ ಇಡುವರು.

ಏಪ್ರಿಲ್ ಕೊನೆಗೆ ನಾನೇ ಅವರ ಮನೆಗೆ ಹೋದೆ. ಅನಸೂಯಮ್ಮ ಅಡಿಗೆಮನೆಯಲ್ಲಿ ಹುರುಳಿಕಾಯಿ ಹೆಚ್ಚುತ್ತಿದ್ದರು. ಇವರು ಕಿಟಕಿಯಿಂದ ಫ್ರಿಜ್ಜಿಗೆ, ಫ್ರಿಜ್ಜಿನಿಂದ ಕಿಟಕಿಗೆ ಅಲೆಯುತ್ತಿದ್ದರು.

"ಬನ್ನಿ ವೆಂಕಟರಾಮು ಅವರೇ" ಅಂದರು ಅನಸೂಯಮ್ಮ. "ಕಾರ್ಪೆಟ್ ಸವೆದ ಮೇಲೆ ಚೈತ್ರಳಿಗೆ ನೀವೇ ಹೇಳಬೇಕು, ಇದು ನಿಮ್ಮಪ್ಪನ ಕೆಲಸ ಅಂತ."

"ನೀನು ಸುಮ್ನಿರು" ಅಂದರು ಶೇಷಗಿರಿ.

"ಸುಮ್ನೇ ಇದೀನಿ, ಆರು ವಾರದಿಂದ. ಒಂದು ಕೇಳ್ತೀನಿ. ಆಫೀಸಿನ ನಿಮ್ಮ ನೋಟ್‌ಪುಸ್ತಕ ಒಂದಾದರೂ ಮನೆಗೆ ತಂದಿದ್ರಾ?"

"ಅದು ಹೇಗೆ ತರಕ್ಕಾಗುತ್ತೆ? ತುಂಬಿದ ಪುಸ್ತಕ ವಾಪಸ್ ಕೊಡಬೇಕು. ಗುಟ್ಟಿನದಾದರೆ ಸೂಪರಿಂಟೆಂಡೆಂಟ್ ಮುಂದೆ ಸುಡಬೇಕು. ಎಷ್ಟು ಸುಟ್ಟಿದೀನಿ."

"ಮಿಲಿಟರೀಲೂ ಹಂಗೇನೇ?"

"ಮಿಲಿಟರೀಲಿ ಇನ್ನೂ ಬಿಗಿ."

"ಮತ್ತೆ ಆ ಸ್ಟೆನೋ ಹನ್ನೊಂದನ್ನೂ ಅಟ್ಟದ ಮೇಲೆ ಯಾಕಿಟ್ಟಿದ್ದ?"

ಶೇಷಗಿರಿಯವರು ಫ್ರಿಜ್ಜಿನ ಹತ್ತಿರ ನಿಂತರು. ಅನಸೂಯಮ್ಮ ತಲೆ ಎತ್ತದೆ ಹೆಚ್ಚುತ್ತಲೇ ಇದ್ದರು.

ಆಮೇಲೆ ಶೇಷಗಿರಿಯವರು ನನ್ನ ಕಡೆ ತಿರುಗಿ, ಕಚೇರಿಯ ದನಿಯಲ್ಲಿ ಹೇಳಿದರು. "ಬೇರೆ ಕಡೆಯೆಲ್ಲ ಅವನು ಹೊಡೆದುಹಾಕಿದ್ದು ಗೀಚಿಬಿಟ್ಟಿದಾನೆ ಕಣ್ರೀ. ಕಣ್ಣಿಗೆ ಎಣ್ಣೆ ಬಿಟ್ಟುಕೊಂಡರೂ ಅರ್ಧ ಕಾಣಲ್ಲ. ಆ ನಾಲ್ಕು ಸಾಲಿಗೆ ಮಾತ್ರ ಒಂದೇ ಒಂದು ತೆಳು ಗೆರೆ. ಕೂದಲೆಳೆ. ಮಗುವೂ ಓದಬಹುದು." ಚಪ್ಪಲಿ ಹುಡುಕತೊಡಗಿದರು. "ಕ್ಯಾರೊಲ್‌ಗೆ ಫೋನ್ ಮಾಡಿ."

ಕ್ಯಾರೊಲ್ ಒಳ್ಳೆಯ ಹೆಂಗಸು, ನಾವು ಮ್ಯೂಸಿಯಮ್ಮಿಗೆ ಹೋಗಿ ಹೇಳಿದಾಗ ಮಾತ್ರ ಕೆಂಡವಾದಳು. ದಾಖಲೆ ಅಂದರೆ ಇದ್ದದ್ದೆಲ್ಲ ಇರಬೇಕು, ಬಿಟ್ಟಿದ್ದೇನೆಂದು ಒಂದು ಮಾತು ಹೇಳಬಾರದಿತ್ತೇ, ಹನ್ನೊಂದು ಪುಸ್ತಕವನ್ನೂ ಮೊದಲಿಂದ ನೋಡಬೇಕಲ್ಲ ಅಂದಳು. ಶೇಷಗಿರಿಯವರು ಶಾಲೆಯಲ್ಲಿ ನಿಂತ ಹಾಗೆ ನಿಂತು ಕೇಳಿದರು. "ಎಲ್ಲ ಸರಿ, ಮೇಡಂ. ನಾನೇ ಮಾಡಿಕೊಡ್ತೀನಿ. ಮೊದಲು ಆ ತಾಯಿ ಹತ್ತಿರ ಹೋಗೋಣ" ಅಂದರು.

ಹೆಲೆನಮ್ಮ ಇರುವುದು ನಾರ್ತ್‌ವಿಲ್ಲಿನಲ್ಲಿ, ವಯಸ್ಸಾದವರ ಒಂದು ಮನೆಯಲ್ಲಿ. ಮೂವರೂ ಹೋದೆವು. ದಾರಿಯುದ್ದಕ್ಕೂ ಶೇಷಗಿರಿಯವರು ಸೀಟ್ ಬೆಲ್ಟನ್ನು ಎಳೆದು ಬಿಟ್ಟು, ಎಳೆದು ಬಿಟ್ಟು ಮಾಡಿದರು.

ಆಕೆಯ ಎದುರು ಕೂತು, ಪುಸ್ತಕದ ಆ ಹಾಳೆ ತೆಗೆದರು. ಏರಿಲ್ಲ, ಇಳಿವಿಲ್ಲ, ಸಾಹೇಬರಿಗೆ ಓದಿ ಒಪ್ಪಿಸುವ ದನಿ.

"ಆ ವಿಮಾನದ ಎಡರೆಕ್ಕೆಯ ತಂತಿ ಕೆಟ್ಟಿದೆಯೆಂದು ಎರಡು ದಿನ ಮೊದಲೇ ವರದಿ ಬಂದಿತ್ತು. ತಿಂಗಳ ಕೊನೆಗೆ ಇಷ್ಟು ಜನರನ್ನು ಫ್ರಾನ್ಸಿಗೆ ಕಳಿಸಬೇಕಿದ್ದರಿಂದ, ಯಾವ ವಿಮಾನವನ್ನೂ ನಿಲ್ಲಿಸಕೂಡದೆಂದು ನಾನೇ ಆಜ್ಞೆ ಮಾಡಿದ್ದೆ. ನಿಮ್ಮ ಮಗ ಹೇಳಿದ ಎತ್ತರದಲ್ಲಿ, ಹೇಳಿದ ಹಾಗೆಯೇ ಹಾರುತ್ತಿದ್ದ. ತಪ್ಪು ಅವನದಲ್ಲ."

ಹೆಲೆನಮ್ಮ ಕಣ್ಣು ಮುಚ್ಚಿದ್ದಳು. "ಮತ್ತೆ ಓದಿ."

ಓದಿದರು.

"ಆವತ್ತು ನೀವು ಅಲ್ಲೇ ಇದ್ರಿ" ಅಂದಳು ಆಕೆ. "ಟೀ ಕುಡೀತಿದ್ರಿ."

"ಹೌದು."

"ಇದು ನಿಮಗೆ ಆಗಲೇ ಗೊತ್ತಿತ್ತು."

"ಹೌದು ತಾಯಿ. ಗೊತ್ತಿತ್ತು." ಅವರು ಬೇರೆ ಯಾವ ಸಮಜಾಯಿಷಿಯನ್ನೂ ಕೊಡಲಿಲ್ಲ. ರಾಯಚೂರಿನ ಹೆಸರೆತ್ತಲಿಲ್ಲ.

ಆಕೆ ಕ್ಷಮಿಸಿದೆ ಅನ್ನಲಿಲ್ಲ, ಹೋಗಿ ಅಂತಲೂ ಅನ್ನಲಿಲ್ಲ. ಪಕ್ಕದ ಡ್ರಾಯರಿನಿಂದ ಬಿಸ್ಕತ್ತಿನ ಡಬ್ಬಿ ಎಳೆದು, ಬ್ರಿಗೇಡಿಯರ್ ಸಹಿ ಹಾಕಿ ಕಳಿಸಿದ್ದ ಆ ಹಳೇ ಕಾಗದ ತೆಗೆದಳು. ತನ್ನ ನಂತರ ಅದನ್ನು ಮ್ಯೂಸಿಯಮ್ಮಿಗೆ ಕೊಡುವುದಾಗಿ ಮಾರ್ಚಿನಲ್ಲೇ ಮಾತು ಕೊಟ್ಟಿದ್ದಳು. ಅದನ್ನು ಪಕ್ಕದಲ್ಲಿದ್ದ ಒಂದು ಪುಸ್ತಕದ ಮೇಲೆ, ತೊಡೆಯ ಮೇಲಿಟ್ಟುಕೊಂಡು, ಪೆನ್ನಿನ ಮುಚ್ಚಳ ತೆಗೆದಳು.

ಕ್ಯಾರೊಲ್ ಅರ್ಧ ಎದ್ದಳು. "ಹೆಲೆನ್, ಅದು ನೂರು ವರ್ಷದ ಕಾಗದ."

"ನಮ್ಮ ಮನೆಗೆ ಬಂದದ್ದು" ಅಂದಳು ಹೆಲೆನಮ್ಮ. ಅಪ್ಪಣೆ ಮೀರಿ ಎಂಬ ಸಾಲಿನ ಮೇಲೆ ಅಡ್ಡಗೆರೆ ಎಳೆದಳು. ಗೆರೆ ಸೊಟ್ಟಗಾಯಿತು. ಕಾಗದವನ್ನು ತಿರುಗಿಸಿ, ಅಂಚಿನ ಖಾಲಿ ಜಾಗಕ್ಕೆ ಪೆನ್ನು ತಂದು ಶೇಷಗಿರಿಯವರನ್ನು ನೋಡಿದಳು.

"ಹೇಳಿ. ನಾನು ಬರ್ಕೋತೀನಿ."

ಶೇಷಗಿರಿಯವರು ಆ ಹಾಳೆಯನ್ನು ಮತ್ತೆ ಕಣ್ಣಿನ ಹತ್ತಿರ ಹಿಡಿದರು. ಮೂವತ್ತನಾಲ್ಕು ವರ್ಷದಲ್ಲಿ ಒಂದು ದಿನವೂ ಅವರು ಹೇಳಿ ಇನ್ನೊಬ್ಬರು ಬರೆದದ್ದಿಲ್ಲ. ಮೊದಲ ಸಾಲು ಹೇಳುವಾಗ ಅವಸರವಾಯಿತು.

"ನಿಧಾನ" ಅಂದಳು ಆಕೆ. "ನನಗೆ ಎಂಬತ್ತೆಂಟು."

ಒಂದೊಂದೇ ಪದವಾಗಿ ಹೇಳಿದರು. ಆಕೆ ನಾಲಿಗೆ ಕಚ್ಚಿಕೊಂಡು ಬರೆದಳು. ಮೂರನೇ ಸಾಲಿಗೆ ಪೆನ್ನು ಒಣಗಿತು. ಎರಡು ಸಲ ಜಾಡಿಸಿದಳು, ಬರಲಿಲ್ಲ. ಕ್ಯಾರೊಲ್ ಒಂದು ಗಳಿಗೆ ಆ ಕಾಗದವನ್ನೇ ನೋಡುತ್ತ ನಿಂತಳು. ಆಮೇಲೆ ತನ್ನ ಬ್ಯಾಗಿಗೆ ಕೈಹಾಕಿ, ತನ್ನ ಪೆನ್ನು ತೆಗೆದು ಕೊಟ್ಟಳು.