ಕಣದಲ್ಲಿ ಮುಗಿಯುವ ದಾರಿ

ನನ್ನ ಮನೆಗೆ ಬೇಕೆಂದು ಬಂದವರಿಗಿಂತ ದಾರಿ ತಪ್ಪಿ ಬಂದವರೇ ಹೆಚ್ಚು. ಹೇಳಿಕೊಳ್ಳಲು ನಾಚಿಕೆಯೇನಿಲ್ಲ. ಐವತ್ತೆಂಟರ ಬ್ರಹ್ಮಚಾರಿ, ಕಕ್ಕಬೆಯಿಂದಾಚೆ ಗುಡ್ಡದ ಮೇಲೊಂದು ಕಾಫಿ ತೋಟ, ಮಾತಿಗೊಂದು ನಾಯಿ. ಇಂಥವನನ್ನು ಹುಡುಕಿಕೊಂಡು ಯಾರು ಬಂದಾರು ಹೇಳಿ?

ಬರುತ್ತಿದ್ದುದು ಕಾರುಗಳು. ಹಿಂದೆ ನಮ್ಮ ಕಣ ದಾಟಿ, ತೊರೆ ದಾಟಿ, ಬೆಟ್ಟದ ಹೋಂಸ್ಟೇಗಳ ಕಡೆಗೆ ಜೀಪಿನ ದಾರಿಯೊಂದಿತ್ತು. ಒಂದು ಮಳೆಗಾಲ ತೊರೆ ಅದನ್ನು ನುಂಗಿ ನೀರು ಕುಡಿಯಿತು. ಆದರೆ ಕಾರಿನೊಳಗೆ ಕೂತು ದಾರಿ ಹೇಳುವ ಹಳೆಯ ಜಿಪಿಎಸ್ ಪೆಟ್ಟಿಗೆಗಳಿಗೆ ಆ ಸುದ್ದಿ ಮುಟ್ಟಿರಲಿಲ್ಲ. ಮೊಬೈಲಿಗೆ ನೆಟ್‌ವರ್ಕ್ ಸಿಗದ ಊರು ನಮ್ಮದು. ಪೆಟ್ಟಿಗೆ ಹೇಳಿದ್ದೇ ವೇದವಾಕ್ಯ. ಅದರೊಳಗಿನ ಹೆಂಗಸು ನೇರ ಹೋಗಿ ಎನ್ನುವಳು. ಇವರು ನೇರ ಬಂದು ಒಣಗಲು ಹರಡಿದ ಕಾಫಿಯ ಮೇಲೆ ಚಕ್ರ ಹತ್ತಿಸುವರು.

"ನಿಮ್ಮ ನೆಂಟರು ಬಂದ್ರು ನೋಡಿ," ಎಂದು ತೋಟದ ಕೆಲಸದ ಜಾನಕಿ ಕೂಗುವಳು. ನಾನು ಪಂಚೆ ಎತ್ತಿ ಕಟ್ಟಿ ಹೊರಟು, "ಕಣ್ಣು ಕಾಣುದಿಲ್ವಾ? ಆ ಪೆಟ್ಟಿಗೆಗೆ ಮ್ಯಾಪ್ ಅಪ್‌ಡೇಟ್ ಮಾಡಿಸಿ ಮಾರಾಯ್ರೆ!" ಎಂದು ಗದರುತ್ತಿದ್ದೆ. ಅವರ ಮುಖ ಸಪ್ಪಗಾದದ್ದು ನೋಡಿ ಕಾಫಿ ಕೊಡಬೇಕಾಗುತ್ತಿತ್ತು. ಕಾಫಿಯ ಜೊತೆಗೆ ಊರು, ಮಕ್ಕಳು, ಮಂಡಿನೋವು ಎಲ್ಲ ಮಾತಿಗೆ ಬರುತ್ತಿತ್ತು. ತಿಥಿ ನೋಡದೆ ಬರುವವನು ಅತಿಥಿ ಎಂದು ಪಂಡಿತರು ಪದ ಬಿಡಿಸುತ್ತಾರೆ. ದಾರಿ ನೋಡದೆ ಬರುವವನಿಗೆ ಸಂಸ್ಕೃತದಲ್ಲಿ ಏನೆನ್ನುತ್ತಾರೋ, ನನ್ನ ಜಗಲಿಯಲ್ಲಿ ಅವನಿಗೂ ಅದೇ ಬೆಲ್ಲದ ಕಾಫಿ.

ಹಾಗೆ ಬಂದ ಒಬ್ಬರು ನಕ್ಷೆ ಮಾಡುವ ಕಂಪನಿಯವರೇ ಆಗಿದ್ದರು. "ಈ ದಾರಿ ತೆಗೆಸಿಬಿಡಿ, ಪುಣ್ಯ ಬರ್ತದೆ," ಎಂದು ಕೈಮುಗಿದೆ. "ಮುಂದಿನ ಅಪ್‌ಡೇಟ್‌ನಲ್ಲಿ ಹೋಗ್ತದೆ ಸಾರ್," ಎಂದರು. ಆ ಮಹಾನುಭಾವರು ಮಾತು ಉಳಿಸಿಕೊಂಡರು.

ಒಂದೊಂದೇ ಪೆಟ್ಟಿಗೆ ಹೊಸ ನಕ್ಷೆ ತುಂಬಿಸಿಕೊಂಡಿತು. ಕಾರುಗಳು ಕಡಿಮೆಯಾದವು, ಆಮೇಲೆ ನಿಂತೇಹೋದವು. ಹೋದ ವರ್ಷ ಕಣದ ಕಾಫಿ ಯಾರ ಚಕ್ರಕ್ಕೂ ಸಿಗದೆ ಲಕ್ಷಣವಾಗಿ ಒಣಗಿತು. ಅದರ ಜೊತೆಗೆ ನಾನೂ ಒಣಗಿದೆ. ಕೆಳಗಿನ ತಿರುವಿನಲ್ಲಿ ಯಾವುದೋ ಗಾಡಿ ಗೇರು ಬದಲಿಸಿದರೆ ಕಿವಿ ನಿಮಿರುತ್ತಿತ್ತು, ನಾಯಿಯದೂ ನನ್ನದೂ. ಸದ್ದು ಬೇರೆ ಕಡೆ ತಿರುಗಿ ಹೋಗುತ್ತಿತ್ತು. ಒಲೆಯ ಮೇಲೆ ಹೆಚ್ಚಿಗೆ ಇಟ್ಟ ನೀರು ಕುದಿದು ಆರುತ್ತಿತ್ತು. ನಿಮ್ಮೆದುರು ಮುಚ್ಚಿಡುವುದೇನು? ಮದುವೆಯಾಗಲಿಲ್ಲವೆಂದು ಇಷ್ಟು ವರ್ಷ ಬೇಜಾರು ಪಡದವನು, ನಕ್ಷೆಯ ಒಂದು ತಪ್ಪು ಗೆರೆ ಅಳಿಸಿಹೋಯಿತೆಂದು ಬಹಳ ಬೇಜಾರು ಪಟ್ಟೆ.

ಮೊನ್ನೆ ಬೆಳಿಗ್ಗೆ ಜಾನಕಿ ಕೂಗಿದಳು. ಓಡಿದೆ, ಪಂಚೆ ಎತ್ತಿ ಕಟ್ಟಲೂ ಪುರುಸೊತ್ತಿರಲಿಲ್ಲ. ಬಣ್ಣ ಮಾಸಿದ ಕಾರು, ಗಾಜಿಗೆ ಅಂಟಿಸಿದ ಹಳೆಯ ಪೆಟ್ಟಿಗೆ, ಒಳಗೆ ತಲೆ ನರೆತ ಗಂಡಹೆಂಡತಿ. ಮುಂದಿನ ಚಕ್ರಗಳೆರಡೂ ನನ್ನ ಕಾಫಿಯ ಮೇಲೆ.

ಜಗಲಿಯಲ್ಲಿ ಎರಡನೇ ಲೋಟ ಮುಗಿಯುವಾಗ ಗಂಡ ಸಂಕೋಚದಿಂದ, "ಮ್ಯಾಪ್ ಅಪ್‌ಡೇಟ್ ಮಾಡಿಸಿ ಅಂತ ಎಲ್ರೂ ಹೇಳ್ತಾರೆ. ಮಾಡಿಸಲೇಬೇಕು, ಅಲ್ವಾ?" ಎಂದು ಕೇಳಿದರು.

ಜಾನಕಿ ನನ್ನ ಮುಖ ನೋಡಿದಳು.

"ಎಂತಕ್ಕೆ ಸಾರ್?" ಎಂದೆ. "ಸರಿಯಾಗೇ ತೋರಿಸ್ತಾ ಉಂಟಲ್ಲ."