ಎರಡನೇ ಟಕ್ಕು

ವರ್ಕ್‌ಶಾಪಿನಲ್ಲಿ ಎಲ್ಲರೂ ಅವನನ್ನು ಕೂದಲೆಳೆ ಎಂದೇ ಕರೆಯುತ್ತಿದ್ದರು. ಅಪ್ಪ ಅಮ್ಮ ಇಟ್ಟ ಹೆಸರು ಸಂಬಳದ ಚೀಟಿಯಲ್ಲಿತ್ತು, ಬೇರೆಲ್ಲೂ ಇರಲಿಲ್ಲ. ಇಪ್ಪತ್ತಾರು ವರ್ಷ ಲೋಹ ಕಡೆಯುವ ಲೇತ್ ಯಂತ್ರ ಓಡಿಸಿ, ಬೆನ್ನು ಕೈಕೊಟ್ಟ ಮೇಲೆ ಅವನನ್ನು ಅಳತೆಯ ಮೇಜಿಗೆ ಕೂರಿಸಿದ್ದರು. ಎಡಕ್ಕೆ ಹಸಿರು ತಟ್ಟೆ, ಬಲಕ್ಕೆ ಕೆಂಪು ತಟ್ಟೆ. ಅಳತೆಗೆ ಸರಿಯಿದ್ದ ಲೋಹದ ತುಂಡು ಹಸಿರಿಗೆ, ಕೂದಲೆಳೆಯಷ್ಟು ಹೆಚ್ಚುಕಡಿಮೆಯಾದದ್ದು ಕೆಂಪಿಗೆ. ಮೇಸ್ತ್ರಿ ಬಂದು, "ಇಷ್ಟಕ್ಕೆಲ್ಲಾ ಯಾಕಪ್ಪಾ, ನಡೆಯುತ್ತೆ ಬಿಡು" ಎಂದು ಬೆನ್ನು ಸವರಿದರೂ ಅಷ್ಟೇ, ಮುಖ ಗಂಟಿಕ್ಕಿದರೂ ಅಷ್ಟೇ. "ನಡೆಯೋದಾದ್ರೆ ನೀವೇ ಸಹಿ ಹಾಕಿ ಮೇಸ್ತ್ರಿ" ಎಂದು ತುಂಡನ್ನು ಕೆಂಪು ತಟ್ಟೆಗೆ ಹಾಕುತ್ತಿದ್ದ. ಮೇಸ್ತ್ರಿ ಒಮ್ಮೆಯೂ ಸಹಿ ಹಾಕಲಿಲ್ಲ. ಇಂಥವನ ಜೊತೆ ಬಾಳುವುದು ಎಷ್ಟು ಕಷ್ಟ ಎಂದು ಬೇರೆ ಹೇಳಬೇಕೆ? ಗೋಡೆಗೆ ಒಂದು ಮೊಳೆ ಹೊಡೆಯಲು ಅರ್ಧ ದಿನ ತೆಗೆದುಕೊಳ್ಳುವ ಆಸಾಮಿ.

ಅವನ ಹೆಂಡತಿ ಬಾಳಿದಳು, ಅದೂ ನಗುನಗುತ್ತಾ. ಬಸ್ ನಿಲ್ದಾಣದ ಟಿಕೆಟ್ ಕೌಂಟರಿನಲ್ಲಿ ಅವಳ ಕೆಲಸ, ಬೆಳಿಗ್ಗೆ ಆರಕ್ಕೇ ಕಿಟಕಿ ತೆರೆಯಬೇಕು. ಅದಕ್ಕೇ ಒಂದು ಸ್ಲೋ ಕುಕ್ಕರ್ ತಂದಿಟ್ಟುಕೊಂಡಿದ್ದಳು. ದಪ್ಪನೆಯ ಪಿಂಗಾಣಿ ಪಾತ್ರೆ, ಗಾಜಿನ ಮುಚ್ಚಳ, ಉರಿ ಹೆಚ್ಚುಕಡಿಮೆ ಮಾಡಲು ಎದುರಿಗೊಂದು ಕಪ್ಪು ತಿರುಪು. ಪ್ಲಗ್ಗು ಚುಚ್ಚಿ ಬಿಟ್ಟರೆ ಎಂಟು ಗಂಟೆ ಹೊತ್ತು ತನ್ನ ಪಾಡಿಗೆ ತಾನು ಬೇಯಿಸುತ್ತಿರುತ್ತದೆ. ಅವಳು ಅದಕ್ಕೆ ಸೋಮಾರಿ ಎಂದು ಹೆಸರಿಟ್ಟಿದ್ದಳು. ನಸುಕಿನಲ್ಲಿ ಸೋಮಾರಿಯ ಹೊಟ್ಟೆಗೆ ಕೊಚ್ಚಿದ ಮಾಂಸದ ಸಾಸೇಜು, ಆಲೂಗಡ್ಡೆ, ಈರುಳ್ಳಿ ತುಂಬಿ ಹೋದರೆ, ಸಂಜೆ ಇಬ್ಬರೂ ಮನೆಗೆ ಬರುವಷ್ಟರಲ್ಲಿ ಗಟ್ಟಿ ಸಾರಿನಂಥ ಸ್ಟ್ಯೂವಿನ ಘಮ ಮೆಟ್ಟಿಲಿಳಿದು ಬಂದು ಎದುರುಗೊಳ್ಳುತ್ತಿತ್ತು. "ನಾವಿಬ್ಬರೂ ದುಡಿದು ಸತ್ತಿದ್ದೀವಿ, ಈ ಸೋಮಾರಿ ನೋಡ್ರೀ, ಕೂತಲ್ಲೇ ಕೂತು ಹೆಸರು ತಗೊಳ್ತು" ಎನ್ನುತ್ತಾ ಬಡಿಸುತ್ತಿದ್ದಳು.

ಆ ನಗು ನಿಂತು ಆರು ತಿಂಗಳಾಗಿತ್ತು. ಹೊಟ್ಟೆಯಲ್ಲಿ ಗಡ್ಡೆ. ಕೊಯ್ದು ತೆಗೆದಿದ್ದರು, ಈಗ ಮೂರು ವಾರಕ್ಕೊಮ್ಮೆ ಆಸ್ಪತ್ರೆಯಲ್ಲಿ ನರಕ್ಕೆ ಸೂಜಿ ಚುಚ್ಚಿ ಔಷಧಿ ಇಳಿಸುತ್ತಿದ್ದರು. ಆ ಔಷಧಿ ಮೊದಲು ಕೂದಲು ತೆಗೆದುಕೊಂಡು ಹೋಯಿತು, ಆಮೇಲೆ ವಾಸನೆ, ಆಮೇಲೆ ನಾಲಿಗೆಯ ರುಚಿ, ಕೊನೆಗೆ ಹಸಿವು. ಕಳೆದ ಸಲ ಡಾಕ್ಟರು ಮುಚ್ಚುಮರೆ ಇಲ್ಲದೆ ಹೇಳಿದ್ದರು: "ತೂಕ ನಲವತ್ತು ಕೆ.ಜಿ.ಗಿಂತ ಇಳಿದ್ರೆ ಔಷಧಿ ನಿಲ್ಲಿಸ್ತೀವಿ. ಅದನ್ನ ತಡ್ಕೊಳ್ಳೋ ಶಕ್ತಿ ದೇಹಕ್ಕೆ ಇರಲ್ಲ."

"ನಿಲ್ಲಿಸಿದ್ರೆ?" ಎಂದು ಅವನು ಕೇಳಿದ್ದ.

ಡಾಕ್ಟರು ಪೆನ್ನಿನ ಕ್ಯಾಪು ಹಾಕಿ ಜೇಬಿಗಿಟ್ಟುಕೊಂಡಿದ್ದರು.

ಮನೆಯ ತೂಕದ ಯಂತ್ರವನ್ನು ಅವನು ಆಸ್ಪತ್ರೆಯದಕ್ಕೆ ಸರಿಯಾಗಿ ಹೊಂದಿಸಿಟ್ಟಿದ್ದ. ಮಂಗಳವಾರ ಬೆಳಿಗ್ಗೆ ಅದು ಮೂವತ್ತೊಂಬತ್ತೂವರೆ ತೋರಿಸಿತು. ಆಸ್ಪತ್ರೆಗೆ ಹೋಗಬೇಕಾದದ್ದು ಗುರುವಾರ ಒಂಬತ್ತು ಗಂಟೆಗೆ. ಗಂಡ ಹೆಂಡತಿ ಇಬ್ಬರೂ ಆ ಅಂಕಿಯನ್ನು ನೋಡಿದರು, ಒಬ್ಬರ ಮುಖ ಒಬ್ಬರು ನೋಡಲಿಲ್ಲ. ಅವತ್ತು ಸಂಜೆ ಅವಳು ಗೋಡೆಯ ಕಡೆ ತಿರುಗಿ ಮಲಗಿದ್ದವಳು ಮೆಲ್ಲಗೆ ಹೇಳಿದಳು: "ರೀ, ಸೋಮಾರಿ ಮಾಡಿದ್ ಸ್ಟ್ಯೂ ಆದ್ರೆ ತಿಂತೀನಿ ಅನ್ಸುತ್ತೆ."

ತಿಂಗಳಿಂದ ಬೇಕು ಎಂಬ ಮಾತು ಅವಳ ಬಾಯಿಂದ ಬಂದಿರಲಿಲ್ಲ. ಅವನಿಗೆ ಅಳು ಬಂತು, ಅದನ್ನು ನುಂಗಿಕೊಂಡು ಚೀಲ ಹಿಡಿದು ಅಂಗಡಿಗೆ ಓಡಿದ. ದಾರಿಯುದ್ದಕ್ಕೂ ತಲೆಯಲ್ಲಿ ಒಂದೇ ಲೆಕ್ಕ. ಒಂದು ಬಟ್ಟಲು ಸ್ಟ್ಯೂ ಎಂದರೆ ನಾನೂರು ಗ್ರಾಂ. ಬುಧವಾರ ರಾತ್ರಿ ಒಂದು ಬಟ್ಟಲು, ಗುರುವಾರ ಬೆಳಿಗ್ಗೆ ಬಿಸಿ ಮಾಡಿ ಇನ್ನೊಂದು ಬಟ್ಟಲು. ಮೈಗೆ ಹತ್ತುವುದು ಆಮೇಲಿನ ಮಾತು, ಹೊಟ್ಟೆಯಲ್ಲಿ ಕೂತಿದ್ದರೂ ತೂಕ ತೂಕವೇ. ಗಂಡಸಿನ ಈ ಲೆಕ್ಕಕ್ಕೆ ನಗಬೇಕೋ ಅಳಬೇಕೋ! ತರಕಾರಿ ಅಂಗಡಿಯವಳ ತಕ್ಕಡಿಯಲ್ಲಿ ಒಂದೊಂದೇ ಆಲೂಗಡ್ಡೆ ಇಟ್ಟು, ತಲಾ ಸರಿಯಾಗಿ ಮುನ್ನೂರು ಗ್ರಾಂ ತೂಗುವ ಆರನ್ನು ಆರಿಸಿದ. ಅಂಗಡಿಯವಳು ಸೊಂಟದ ಮೇಲೆ ಕೈಯಿಟ್ಟು, "ಆಲೂಗಡ್ಡೆ ಕೊಳ್ತಿದ್ದೀರಾ, ಚಿನ್ನ ಕೊಳ್ತಿದ್ದೀರಾ?" ಎಂದಳು. ಬೇರೆ ದಿನವಾಗಿದ್ದರೆ ಅವನು ಅವಳ ತಕ್ಕಡಿಯ ತಪ್ಪನ್ನೂ ತೋರಿಸಿಕೊಟ್ಟು ಬರುತ್ತಿದ್ದ.

ಬುಧವಾರ ಬೆಳಿಗ್ಗೆ ಐದಕ್ಕೆ ಎದ್ದ. ಅಡುಗೆಮನೆ ಮಲಗುವ ಕೋಣೆಗೆ ಅಂಟಿಕೊಂಡೇ ಇತ್ತು, ಅವಳು ದಿಂಬಿಗೆ ಒರಗಿ ಹೇಳುತ್ತಾ ಹೋದಳು, ಅವನು ಮಾಡುತ್ತಾ ಹೋದ.

"ಸಾಸೇಜ್ ಮೊದ್ಲು ಬಾಣಲೇಲಿ ಕೆಂಪಗೆ ಮಾಡ್ಕೊಳ್ಳಿ. ಆಮೇಲೆ ಕತ್ತರಿಸಿ."

"ಎಷ್ಟು ಕೆಂಪು?"

"ಅದಕ್ಕೂ ಅಳತೆ ಇದೆಯೇನ್ರೀ? ನೋಡಿದ್ರೆ ತಿನ್ಬೇಕು ಅನ್ನಿಸೋ ಅಷ್ಟು. ಆಲೂಗಡ್ಡೆ ದಪ್ಪ ದಪ್ಪ ತುಂಡು ಮಾಡಿ, ಬೆರಳಿನ ಎರಡು ಗೆಣ್ಣಷ್ಟು."

"ನಿನ್ನ ಬೆರಳಾ, ನನ್ನ ಬೆರಳಾ?"

ಅವನು ಎದ್ದು ಬಂದು ಅವಳ ತೋರುಬೆರಳನ್ನು ಹಿಡಿದು ನೋಡಿದ. ಮೂಳೆಗೆ ಚರ್ಮ ಸುತ್ತಿದಂತಿತ್ತು. ತನ್ನ ಬೆರಳಿನ ಅಳತೆಯನ್ನೇ ಇಟ್ಟುಕೊಂಡ. ನಾಲ್ಕು ಆಲೂಗಡ್ಡೆ ಹೆಚ್ಚಿದ, ಎರಡು ಬುಟ್ಟಿಯಲ್ಲೇ ಉಳಿದವು. ಈರುಳ್ಳಿ, ಕ್ಯಾರೆಟ್, ಮೆಣಸಿನ ಪುಡಿ, ಉಪ್ಪು, ಆಲೂಗಡ್ಡೆಯ ಕುತ್ತಿಗೆಯವರೆಗೆ ನೀರು, ಎಲ್ಲವೂ ಅವಳು ಹೇಳಿದ ಹಾಗೆಯೇ ಆಯಿತು.

"ಈಗ ಮುಚ್ಚಳ ಮುಚ್ಚಿ, ಎರಡನೇ ಟಕ್ಕಿಗೆ ಇಡಿ" ಎಂದಳು. "ಸಂಜೆವರೆಗೂ ಮುಚ್ಚಳ ಮಾತ್ರ ಮುಟ್ಟಬೇಡಿ. ಒಂದ್ಸಲ ತೆಗೆದ್ರೆ ಅರ್ಧ ಗಂಟೆ ಹಿಂದಕ್ಕೆ ಹೋಗುತ್ತೆ."

"ತಿರುಪಿನ ಮೇಲೆ ಏನೂ ಬರೆದೇ ಇಲ್ಲವಲ್ಲೇ."

"ಅಳಿಸಿಹೋಗಿ ಯಾವ ಕಾಲ ಆಯ್ತು. ಕಿವಿ ಇದೆಯಲ್ಲ, ತಿರುಗಿಸಿದಾಗ ಟಕ್ ಅನ್ನೋದನ್ನ ಎಣಿಸಿ."

ಅವನು ಬಗ್ಗಿ, ತಿರುಪಿಗೆ ಕಿವಿಯಿಟ್ಟು, ಉಸಿರು ಬಿಗಿ ಹಿಡಿದು ತಿರುಗಿಸಿದ. ಕೆಂಪು ದೀಪ ಹತ್ತಿತು. ಕೆಳಮನೆಯ ಟೈಲರಮ್ಮನಿಗೆ, "ಮಧ್ಯಾಹ್ನ ಒಂದ್ಸಲ ಮೇಲೆ ಬಂದು ನೋಡ್ಕೊಳ್ಳಿ ಅಕ್ಕಾ, ಪಾತ್ರೆ ಮುಚ್ಚಳ ಮಾತ್ರ ತೆಗೀಬೇಡಿ" ಎಂದು ಹೇಳಿ ಕೆಲಸಕ್ಕೆ ಹೋದ.

ಮೇಜಿನ ಮುಂದೆ ಕೂತರೂ ಜೀವವೆಲ್ಲಾ ಆ ಪಾತ್ರೆಯಲ್ಲಿತ್ತು. ಹನ್ನೊಂದಕ್ಕೆ ಈಗ ನೀರು ಕುದಿ ಹಿಡಿದಿರುತ್ತದೆ ಅಂದುಕೊಂಡ. ಒಂದಕ್ಕೆ ಟೈಲರಮ್ಮನಿಗೆ ಫೋನು ಮಾಡಿದ. "ಮಲಗಿದ್ದಾರೆ ಕಣಪ್ಪಾ. ಪಾತ್ರೆ ಮುಟ್ಟಿ ನೋಡಿದೆ, ಬೆಚ್ಚಗಿದೆ, ದೀಪಾನೂ ಉರೀತಿದೆ" ಎಂದಳು. ಮೂರಕ್ಕೆ ಸಾಸೇಜಿನ ಕೊಬ್ಬು ಆಲೂಗಡ್ಡೆಗೆ ಇಳಿದಿರುತ್ತದೆ ಎಂದುಕೊಂಡ. ಕೈ ತನ್ನ ಪಾಡಿಗೆ ತಾನು ಹಸಿರು, ಕೆಂಪು, ಹಸಿರು ಎಂದು ತುಂಡುಗಳನ್ನು ಹಾಕುತ್ತಿತ್ತು. ನಾಳೆ ಅರ್ಧ ದಿನ ರಜೆ ಬೇಕು ಎಂದಾಗ ಮೇಸ್ತ್ರಿ ಏನೂ ಕೇಳದೆ, "ಪೂರ್ತಿ ದಿನ ತಗೋ" ಎಂದ.

ಸಂಜೆ ಮೆಟ್ಟಿಲು ಹತ್ತುವಾಗ ಘಮ ಇರಲಿಲ್ಲ. ಅವನು ಎರಡೆರಡು ಮೆಟ್ಟಿಲು ಹಾರಿ, ಚಪ್ಪಲಿಯನ್ನೂ ಬಿಡದೆ ಒಳಗೆ ನುಗ್ಗಿ ಮುಚ್ಚಳ ತೆಗೆದ. ಉಗುರುಬೆಚ್ಚನೆಯ ನೀರಿನಲ್ಲಿ ಆಲೂಗಡ್ಡೆ ಬೆಳಿಗ್ಗೆ ಹಾಕಿದ ಹಾಗೇ ಕೂತಿತ್ತು. ಚಮಚದಿಂದ ಒತ್ತಿದರೆ ಕಲ್ಲು. ಸಾಸೇಜಿನ ಕೊಬ್ಬು ಮೇಲೆ ಬಿಳಿಯ ತೆರೆ ಕಟ್ಟಿತ್ತು.

"ಆಯ್ತೇನ್ರೀ?" ಒಳಗಿನಿಂದ ಅವಳ ದನಿ. ವಾಸನೆ ಬಂದಿಲ್ಲವೆಂಬುದು ಅವಳಿಗೆ ಗೊತ್ತಾಗುವ ಹಾಗೇ ಇರಲಿಲ್ಲ. ದಿನವಿಡೀ ಪಕ್ಕದ ಕೋಣೆಯಲ್ಲಿ ಅಡುಗೆ ಬೇಯುತ್ತಿದೆ ಎಂದು ನಂಬಿ ಮಲಗಿದ್ದಳು.

ಅವನು ಹೋಗಿ ಹೇಳಿದ. ಅವಳು ಕಷ್ಟಪಟ್ಟು ಎದ್ದು, ಗೋಡೆ ಹಿಡಿದುಕೊಂಡು ಅಡುಗೆಮನೆಗೆ ಬಂದಳು.

"ಎರಡನೇ ಟಕ್ಕಿಗೇ ಇಟ್ಟಿದ್ರಾ?"

"ಎರಡನೆಯದಕ್ಕೇ. ನನ್ನ ಕಿವಿಯಾರೆ ಕೇಳಿ ಇಟ್ಟಿದ್ದೀನಿ."

"ತಿರುಗಿಸಿ ತೋರಿಸಿ ನೋಡೋಣ."

ಅವನು ತಿರುಪನ್ನು ಮೊದಲಿನ ಜಾಗಕ್ಕೆ ತಂದು ತಿರುಗಿಸಿದ. ಟಕ್. "ಇದು ಸಡಿಲ." ಟಕ್. "ಇದು ಒಂದು." ಟಕ್. "ಇದು ಎರಡು."

ಅವಳು ಕಣ್ಣು ಮುಚ್ಚಿಕೊಂಡಳು. "ಮೊದಲನೇದನ್ನ ಯಾಕ್ರೀ ಬಿಟ್ರಿ?"

"ಮೊದಲನೇದು ಲೆಕ್ಕಕ್ಕೆ ಬರಲ್ಲವಲ್ಲ" ಎಂದ ಅವನು. ಹೇಳುತ್ತಿರುವಾಗಲೇ ಗೊತ್ತಾಯಿತು. ಅವನ ಹಳೆಯ ಲೇತಿನ ಹಿಡಿ ಸವೆದಿತ್ತು. ತಿರುಗಿಸಿದರೆ ಮೊದಲ ಗೆರೆಯಷ್ಟು ಸುಮ್ಮನೆ ತಿರುಗುತ್ತಿತ್ತು, ಉಳಿ ಮುಂದೆ ಹೋಗುತ್ತಿರಲಿಲ್ಲ. ಇಪ್ಪತ್ತಾರು ವರ್ಷ ಆ ಮೊದಲ ಗೆರೆಯನ್ನು ಬಿಟ್ಟು ಎಣಿಸಿದ ಕೈ ಅದು. ಸೋಮಾರಿಗೆ ಅಂಥ ಸಡಿಲವೇನೂ ಇರಲಿಲ್ಲ. ಅದರಲ್ಲಿ ಒಂದನೇ ಟಕ್ಕು ಜೋರು ಉರಿ, ಎರಡನೆಯದು ನಿಧಾನದ್ದು, ಮೂರನೆಯದು ಬೆಂದ ಅಡುಗೆಯನ್ನು ಬೆಚ್ಚಗಿಡಲು ಮಾತ್ರ.

"ಈಗ್ಲೇ ಒಲೆ ಮೇಲೆ ಕುದಿಸ್ತೀನಿ. ಅರ್ಧ ಗಂಟೆ ಸಾಕು" ಎಂದು ಅವನು ಪಾತ್ರೆ ಎತ್ತಲು ಹೋದ.

"ಬೇಡ ರೀ. ಮಾಂಸ ಇಡೀ ದಿನ ಉಗುರುಬೆಚ್ಚಗೆ ಕೂತಿದೆ. ನಂಗೀಗ ಅದು ವಿಷ. ಡಾಕ್ಟರ್ ಕೊಟ್ಟ ಚೀಟೀಲೇ ಬರೆದಿದೆಯಲ್ಲ." ದನಿಯಲ್ಲಿ ಸಿಟ್ಟಿರಲಿಲ್ಲ. ಸಿಟ್ಟಿದ್ದಿದ್ದರೆ ಅವನಿಗೆ ಎಷ್ಟೋ ಹಗುರವಾಗುತ್ತಿತ್ತು.

ಅವನು ಎಲ್ಲವನ್ನೂ ಕಸಕ್ಕೆ ಸುರಿದ. ಬ್ರೆಡ್ಡನ್ನು ಹಾಲಿನಲ್ಲಿ ನೆನೆಸಿ ತಂದ, ಅವಳು ಅವನ ಮುಖ ನೋಡಿ ಮೂರು ಚಮಚ ನುಂಗಿದಳು, ಐದು ನಿಮಿಷಕ್ಕೆ ಆ ಮೂರೂ ಹೊರಗೆ ಬಂದವು. ಮೊಟ್ಟೆ ಬೇಯಿಸಿ ತಂದ, ಅದನ್ನು ನೋಡಿಯೇ ಮುಖ ತಿರುಗಿಸಿದಳು. ಅವನು ಅಡುಗೆಮನೆಯ ನೆಲದ ಮೇಲೆ ಕೂತು, ಎರಡೂ ಕೈಯಿಂದ ತಲೆ ಚಚ್ಚಿಕೊಂಡ. ಬೇರೆಯವರ ಕೂದಲೆಳೆಯ ತಪ್ಪನ್ನು ಒಂದು ದಿನಕ್ಕೂ ಬಿಡದವನು ತಾನು, ತನ್ನದು ಇಡೀ ಒಂದು ಟಕ್ಕು. ಸದ್ದಾಗದಂತೆ ಅಳಲು ನೋಡಿದ, ಆಗಲಿಲ್ಲ. ಗೋಡೆಯಾಚೆ ಅವಳಿಗೆ ಅದು ಕೇಳಿಸಿತು.

ಬೆಳಿಗ್ಗೆ ಮನೆಯ ಯಂತ್ರ ಮತ್ತೆ ಮೂವತ್ತೊಂಬತ್ತೂವರೆಯನ್ನೇ ತೋರಿಸಿತು. ಅವನು ಆಟೋ ಕರೆಯಲು ಕೆಳಗಿಳಿದು ಹತ್ತಿ ಬರುವಷ್ಟರಲ್ಲಿ ಅವಳು ಟಿಕೆಟ್ ಕೌಂಟರಿನ ತನ್ನ ಹಳೆಯ ನೀಲಿ ಕೋಟು ತೊಟ್ಟು ಕೂತಿದ್ದಳು. ಚಿಲ್ಲರೆ ಹಾಕಿಕೊಳ್ಳಲೆಂದು ದೊಡ್ಡ ದೊಡ್ಡ ಜೇಬು ಹೊಲಿಸಿದ್ದ ಕೋಟು. ಇಬ್ಬರು ಹಿಡಿಸುವಷ್ಟು ಅಗಲವಾಗಿ ಕಾಣುತ್ತಿತ್ತು.

"ಚಳಿ" ಎಂದಳು.

ಆಸ್ಪತ್ರೆಯಲ್ಲಿ ನರ್ಸು ಫೈಲು ಬಿಡಿಸಿ, "ಮೇಲೆ ನಿಲ್ಲಿ ಅಮ್ಮಾ" ಎಂದಳು. ಅವನು ಹೆಂಡತಿಯ ಮೊಣಕೈ ಹಿಡಿದು ತೂಕದ ಯಂತ್ರಕ್ಕೆ ಹತ್ತಿಸಿದ. ಆಗ ಕಂಡಿತು. ಕೋಟಿನ ಎರಡೂ ಜೇಬು ಭಾರಕ್ಕೆ ಜಗ್ಗಿ, ಒಂದೇ ಸಮವಾಗಿ ಕೆಳಗೆ ಜೋತುಬಿದ್ದಿದ್ದವು. ಅಂಕಿಗಳು ಓಡಿ ನಿಂತವು. ನಲವತ್ತು ಪಾಯಿಂಟ್ ಐದು. ಅವನು ಲೆಕ್ಕ ಹಾಕುವ ಮೊದಲೇ ತಲೆ ತಾನಾಗಿ ಮೂವತ್ತೊಂಬತ್ತೂವರೆಯನ್ನು ಕಳೆದಿತ್ತು. ಕೋಟಿನದು ನಾನೂರು, ಮಿಕ್ಕದ್ದು ಆರುನೂರು ಗ್ರಾಂ. ಬುಟ್ಟಿಯಲ್ಲಿ ಉಳಿದಿದ್ದ ಎರಡು ಆಲೂಗಡ್ಡೆ.

"ಕೋಟು ತೆಗೆದು ಇನ್ನೊಂದ್ಸಲ ನಿಲ್ತೀರಾ?" ಎಂದಳು ನರ್ಸು.

ಅವಳು ಕೋಟನ್ನು ಕುತ್ತಿಗೆಯ ಹತ್ತಿರ ಬಿಗಿಯಾಗಿ ಹಿಡಿದುಕೊಂಡಳು. ನರ್ಸಿನ ಕಡೆ ನೋಡಲಿಲ್ಲ, ಗಂಡನ ಕಡೆ ನೋಡಿದಳು. ಬದುಕಬೇಕು ಎನ್ನುವ ಹಟ ಆ ಕಣ್ಣಲ್ಲಿ ಅಷ್ಟು ಬೆತ್ತಲೆಯಾಗಿ ಅವನು ಎಂದೂ ಕಂಡಿರಲಿಲ್ಲ. ನಲವತ್ತು ಎಂಬುದು ಯಾರೋ ಸುಮ್ಮನೆ ಎಳೆದ ಗೆರೆಯಲ್ಲ ಎಂಬುದು ಅವನಿಗಿಂತ ಚೆನ್ನಾಗಿ ಯಾರಿಗೆ ಗೊತ್ತು? ಕಡಿಮೆ ಇದ್ದ ತುಂಡನ್ನು ಹಸಿರು ತಟ್ಟೆಗೆ ಹಾಕಿದರೆ ಅದು ಎಲ್ಲೋ, ಓಡುತ್ತಿರುವ ಯಂತ್ರದ ನಡುವೆ ಮುರಿಯುತ್ತದೆ. ಹಾಕದಿದ್ದರೆ ಇವತ್ತೇ, ಈ ಕೋಣೆಯಲ್ಲೇ, ಎಲ್ಲ ಮುಗಿಯುತ್ತದೆ.

"ಅವಳಿಗೆ ಚಳಿ ತಡಿಯಲ್ಲ ಸಿಸ್ಟರ್" ಎಂದ. "ಕೋಟಲ್ಲಿ ಏನು ತೂಕ ಇರುತ್ತೆ, ಬರೀ ಬಟ್ಟೆ. ಮನೇಲೂ ಅಷ್ಟೇ ಬಂತು, ನಾನೇ ನೋಡ್ದೆ."

ನರ್ಸು ಒಂದು ಗಳಿಗೆ ಅವನನ್ನೇ ನೋಡಿ, ಬರೆದುಕೊಂಡಳು.

ಎರಡು ಗಂಟೆ ಹೊತ್ತು ಔಷಧಿ ಹನಿ ಹನಿಯಾಗಿ ಅವಳ ಕೈಗೆ ಇಳಿಯಿತು. ಅವನು ಪಕ್ಕದ ಸ್ಟೂಲಿನ ಮೇಲೆ ಕೂತು ಒಂದೊಂದು ಹನಿಯನ್ನೂ ನೋಡಿದ. ಒಳ್ಳೆಯದನ್ನು ಮಾಡಿದೆನೋ, ಅವಳ ಜೀವಕ್ಕೇ ಕೈಹಾಕಿದೆನೋ ತಿಳಿಯಲಿಲ್ಲ. ಎದ್ದು ಹೋಗಿ ನಿಜ ಹೇಳಿಬಿಡಲೇ ಎಂದು ಎರಡು ಸಲ ಎದ್ದ. ಎರಡು ಸಲವೂ ಅವಳು ಅವನ ಅಂಗಿಯ ತುದಿ ಹಿಡಿದು ಕೂರಿಸಿದಳು.

ಬರುವಾಗ ದಾರಿಯಲ್ಲಿ ಆಟೋ ನಿಲ್ಲಿಸಿ ಅವನು ಸಾಸೇಜು ತಂದ. ಮನೆಗೆ ಬಂದಾಗ ಹನ್ನೆರಡೂವರೆ. ಅವಳು ಮಲಗುವ ಕೋಣೆಗೆ ಹೋಗಲಿಲ್ಲ. ಅಡುಗೆಮನೆಯ ಕುರ್ಚಿಯಲ್ಲಿ ಕೂತು, ಎರಡೂ ಜೇಬಿನಿಂದ ಆಲೂಗಡ್ಡೆ ತೆಗೆದು ಕಟ್ಟೆಯ ಮೇಲಿಟ್ಟಳು. ಅವು ಮೈಯ ಶಾಖಕ್ಕೆ ಬೆಚ್ಚಗಾಗಿದ್ದವು.

"ಇದೇ ಮೊದಲಾ ನೀವು ಸುಳ್ಳು ಅಳತೆ ಹೇಳಿದ್ದು?"

"ಹೂಂ."

"ಮೂರು ವಾರ ಇದೆ" ಎಂದಳು. "ಅಷ್ಟರಲ್ಲಿ ಅದನ್ನ ನಿಜ ಮಾಡ್ಬೇಕು. ಮುಂದಿನ ಸಲ ಕೋಟು ಹಾಕ್ಕೊಳ್ಳಲ್ಲ."

ಅವನು ಅಳತೆ ನೋಡದೆ ಆಲೂಗಡ್ಡೆ ಹೆಚ್ಚಿದ. ತುಂಡುಗಳು ಒಂದು ದಪ್ಪ, ಒಂದು ಸಣ್ಣ ಆದವು. ಸಾಸೇಜು ಕೆಂಪಗಾಯಿತು, ನೀರು ಬಿದ್ದಿತು, ಮುಚ್ಚಳ ಕೂತಿತು. ತಿರುಪಿನ ಮೇಲೆ ಬೆರಳಿಟ್ಟು ಅವನು, "ಎರಡನೇ ಟಕ್ಕು ತಾನೇ? ಮೊದಲನೇದನ್ನೂ ಎಣಿಸ್ತೀನಿ" ಎಂದ.

"ಬೇಡ ರೀ" ಎಂದಳು ಅವಳು. "ಇವತ್ತು ಒಂದನೇದಕ್ಕೇ ಇಡಿ, ಜೋರು ಉರಿಗೆ. ಎಂಟು ಗಂಟೆ ಕಾಯೋಷ್ಟು ಪುರುಸೊತ್ತು ನಂಗಿಲ್ಲ."

ಟಕ್ ಎಂದಿತು. ಅವನ ಬೆರಳು ಅಭ್ಯಾಸಬಲದಿಂದ ಇನ್ನೂ ಮುಂದಕ್ಕೆ ಹೋಗಲು ನೋಡಿತು. ಅವನು ಅದನ್ನು ಇನ್ನೊಂದು ಕೈಯಿಂದ ಹಿಡಿದು ನಿಲ್ಲಿಸಿದ.