ಕಾಯಿ ಕೇಳಿದರೆ ತಾಯಿ ಕೊಡುವ ಕೆಲಸ

ಫ್ರೆಂಡ್ಸ್, ಇವತ್ತು ಹಲಸೂರಿನ ಕ್ಲಿನಿಕ್ಕಿನಲ್ಲಿ ಒಬ್ಬ ಅಜ್ಜಿ ನನ್ನನ್ನು ದಡ್ಡಿ ಅಂದರು. ಅವರ ಮೊಮ್ಮಗಳು ಚಿನ್ನು 'ಕ' ಬರಬೇಕಾದಲ್ಲೆಲ್ಲ 'ತ' ಅನ್ನುತ್ತಾಳೆ. ಸ್ಪೀಚ್ ಥೆರಪಿ ಓದುತ್ತಿರುವ ಫಸ್ಟ್ ಇಯರ್‌ನ ನನಗೆ ಇದು ಮೊದಲ ಥೆರಪಿ. ಕಾಲೇಜಿನ ಮೇಡಂ ಹಿಂದೆ ಕೂತು ಮಾರ್ಕ್ಸ್ ಹಾಕುತ್ತಿದ್ದರು. ನಿಯಮ ಇಷ್ಟೇ: ಮೇಜಿನ ಮೇಲಿನ ಚಿತ್ರಗಳಲ್ಲಿ ಮಗು ಬಾಯಲ್ಲಿ ಏನು ಹೇಳುತ್ತದೋ ಆ ಚಿತ್ರವನ್ನೇ ಕೊಡಬೇಕು, ಊಹಿಸಿ ಸಹಾಯ ಮಾಡಬಾರದು. ಶಬ್ದ ಬದಲಾದರೆ ಅರ್ಥವೂ ಬದಲಾಗುತ್ತದೆಂದು ಅವಳಿಗೇ ಹೊಳೆಯಬೇಕು.

ತೆಂಗಿನಕಾಯಿಯ ಚಿತ್ರ ಬೇಕಾಗಿ ಚಿನ್ನು "ತಾಯಿ" ಅಂದಳು. ನಾನು ಅಮ್ಮನ ಚಿತ್ರ ಕೊಟ್ಟೆ.

ಅಜ್ಜಿಗೆ ತಡೆಯಲಾಗಲಿಲ್ಲ. "ಏನಮ್ಮಾ, ಮಗು ಕಾಯಿ ಕೇಳ್ತಿದೆ! ನಮ್ಮನೇಲಿ ಎಲ್ರಿಗೂ ಅರ್ಥ ಆಗತ್ತೆ, ಓದಿರೋ ನಿಂಗಾಗಲ್ವಾ? ದಡ್ಡಿ!"

ಮಗು ಮತ್ತೆ "ತಾಯಿ" ಅಂದಿತು; ನಾನು ಮತ್ತೆ ಅಮ್ಮನ ಚಿತ್ರ ಕೊಟ್ಟೆ. ಚಿನ್ನು ನನ್ನನ್ನು ಕನಿಕರದಿಂದ ನೋಡಿ, ದಡ್ಡಿಗೆ ಪಾಠ ಹೇಳುವಂತೆ ನಿಧಾನವಾಗಿ, "ಕ್... ಕಾಯಿ" ಅಂದಳು. ತಕ್ಷಣ ಕಾಯಿಯ ಚಿತ್ರ ಕೊಟ್ಟೆ.

ಕ್ಲಾಸಿನಲ್ಲಿ ಅರ್ಥವಾದವಳಂತೆ ತಲೆಯಾಡಿಸಿದಾಗ ಬಾರದ ಮಾರ್ಕ್ಸು, ಇವತ್ತು ಅರ್ಥವಾಗದವಳಂತೆ ಕೂತಿದ್ದಕ್ಕೆ ಬಂತು.